ಕಾಳಿಕೆಯ ಕುಲುಮೆಯಿಂದ ಗೋಕಾಕದ ಕದಿರಿಗೆ

ಮಲಪ್ರಭೆ, ಘಟಪ್ರಭೆಗಳು ಹರಿಯುವ ಸೀಮೆಯ ಚರಿತ್ರೆಯನ್ನು ನಾವು ಬಹುಕಾಲದಿಂದ ಕೋಟೆಗಳ ಗೋಡೆಯ ಮೇಲೆ ಓದುತ್ತ ಬಂದಿದ್ದೇವೆ. ಸುಗಂಧವರ್ತಿಯ ರಟ್ಟರು, ಕಿತ್ತೂರಿನ ದೇಸಾಯರು, ಪೇಶವೆಯ ಸರದಾರರು, ಕುಂಪಣಿಯ ಕಲೆಕ್ಟರರು ಒಬ್ಬರ ಹಿಂದೊಬ್ಬರು ಬಂದರು, ಆಳಿದರು, ಅಳಿದರು. ಆ ಚರಿತ್ರೆ ದಿಟವಾದದ್ದೇ. ಆದರೆ ಅದು ಅರ್ಧ ಮಾತ್ರ. ಉಳಿದರ್ಧವನ್ನು ಬರೆದವರು ತಿದಿಯೊತ್ತಿದ ಕಂಬಾರರು, ಗಾಲಿ ಕಟ್ಟಿದ ಬಡಿಗೇರರು, ಅರಳೆ ಬಿಡಿಸಿದ ಹೆಣ್ಣುಮಕ್ಕಳು, ಗಿರಣಿಯ ಭೋಂಗಾ ಕೇಳಿ ಎದ್ದು ನಡೆದ ಕೆಲಸಗಾರರು. ಅವರು ಶಾಸನ ಹಾಕಿಸಲಿಲ್ಲ. ಅವರ ಕೈಕೆಲಸವೇ ಅವರ ಶಾಸನ.

ಆ ಶಾಸನವನ್ನು ಓದಲು ಒಂದು ದಾರಿಯಿದೆ. ಸವದತ್ತಿ ತಾಲೂಕಿನ ಸಿರಸಂಗಿಯಿಂದ ನಸುಕಿನಲ್ಲಿ ಹೊರಟು ಹೂಲಿ, ಸವದತ್ತಿ, ನವಿಲುತೀರ್ಥ, ಮುನವಳ್ಳಿ, ಯರಗಟ್ಟಿಗಳನ್ನು ಹಾದು ಸಾಗಿದರೆ ಹೊತ್ತು ಮುಳುಗುವ ಮುನ್ನ ಗೋಕಾಕದ ಜಲಪಾತವನ್ನು ಮುಟ್ಟಬಹುದು. ಒಂದು ಹಗಲಿನ ಈ ಪಯಣದಲ್ಲಿ ಕಬ್ಬಿಣ, ಕಲ್ಲು, ನೀರು, ಹತ್ತಿ ಎಂಬ ನಾಲ್ಕು ಯುಗಗಳು ಸಾಲುಗಟ್ಟಿ ನಿಂತಿವೆ.

ಕಾಳಿಕೆಯ ಸನ್ನಿಧಿ

ಸಿರಸಂಗಿ ಮೊದಲು ಒಂದು ತಪೋಭೂಮಿ ಎನ್ನುತ್ತದೆ ಸ್ಥಳಪುರಾಣ. ಋಷ್ಯಶೃಂಗ ಮುನಿ ಇಲ್ಲಿ ತಪಸ್ಸಿಗೆ ಕುಳಿತನೆಂದೂ, ಅಸುರರ ಉಪಟಳ ತಾಳದೆ ದೇವಿಗೆ ಮೊರೆಯಿಟ್ಟನೆಂದೂ, ಕಾಳಿಕೆ ಅವತರಿಸಿ ಅವರನ್ನು ಸಂಹರಿಸಿ ಇಲ್ಲಿಯೇ ನೆಲೆ ನಿಂತಳೆಂದೂ ಜನ ಹೇಳುತ್ತಾರೆ. ಆ ದೇವಿಯನ್ನು ಕುಲದೈವವೆಂದು ನಂಬಿದವರಲ್ಲಿ ವಿಶ್ವಕರ್ಮರು ಮೊದಲಿಗರು. ಮನು, ಮಯ, ತ್ವಷ್ಟೃ, ಶಿಲ್ಪಿ, ವಿಶ್ವಜ್ಞ ಎಂಬ ಐವರಿಂದ ಕಬ್ಬಿಣ, ಮರ, ಕಂಚು, ಕಲ್ಲು, ಚಿನ್ನದ ಐದು ಕಸುಬುಗಳು ಹುಟ್ಟಿದವೆಂಬುದು ಪಾಂಚಾಳರೆಂದೂ ಕರೆಸಿಕೊಳ್ಳುವ ಇವರ ನಂಬಿಕೆ. ಕಂಬಾರ, ಬಡಿಗೇರ, ಕಂಚುಗಾರ, ಕಲ್ಲುಕುಟಿಗ, ಪತ್ತಾರ ಎಂದು ಊರು ಅವರನ್ನು ಬೇರೆ ಬೇರೆ ಹೆಸರಿನಿಂದ ಕರೆದರೂ ಸಿರಸಂಗಿಯ ಮೆಟ್ಟಿಲ ಮೇಲೆ ಅವರೆಲ್ಲ ಒಂದೇ ತಾಯಿಯ ಮಕ್ಕಳು.

ಯುಗಾದಿಯ ಹೊತ್ತಿಗೆ ಇಲ್ಲಿ ಜಾತ್ರೆ ಕೂಡುತ್ತದೆ. ಎರೆಹೊಲದ ಹಿಂಗಾರಿ ಬೆಳೆ ಅಷ್ಟರಲ್ಲಿ ಕಣ ಕಂಡಿರುತ್ತದೆ. ಒಕ್ಕಲಿಗರು ಹೊಸ ಗೋಧಿಯನ್ನು ತಂದು ದೇವಿಗೆ ಅರ್ಪಿಸುತ್ತಾರೆ. ಕುಲುಮೆಯವರ ದೇವಿಗೆ ಹೊಲದವರ ಮೊದಲ ಫಲ ಸಲ್ಲುವ ಈ ಪದ್ಧತಿಯಲ್ಲಿ ಈ ಸೀಮೆಯ ಬಾಳುವೆಯ ಒಳಗುಟ್ಟು ಅಡಗಿದೆ. ಗೋಧಿ ಬೆಳೆಯಬೇಕಾದರೆ ಕೂರಿಗೆ ಬೇಕು, ಕೂರಿಗೆಗೆ ಬಡಿಗೇರ ಬೇಕು, ರಂಟೆಯ ಕುಳಕ್ಕೂ ಕುಂಟೆಯ ಕುಡಕ್ಕೂ ಕಂಬಾರ ಬೇಕು. ಆ ಋಣವನ್ನು ರೈತ ಸುಗ್ಗಿಯಲ್ಲಿ ಆಯದ ಕಾಳಾಗಿ ಅಳೆದು ಕೊಡುತ್ತಿದ್ದ. ರೊಕ್ಕದ ಲೆಕ್ಕವಿಲ್ಲದೆ, ಕರಾರಿನ ಕಾಗದವಿಲ್ಲದೆ, ಕಣದಲ್ಲಿ ರಾಶಿಯ ಮುಂದೆ ನಿಂತು ತೀರಿಸಿದ ಸಾಲ ಅದು. ಆಯಗಾರರ ಈ ಏರ್ಪಾಡು ಶತಮಾನಗಳ ಕಾಲ ಊರನ್ನು ಹಿಡಿದು ನಿಲ್ಲಿಸಿತು. ಅದರೊಳಗೆ ಮೇಲು ಕೀಳಿನ ಕಟ್ಟುಗಳೂ ಇದ್ದವು, ಬರಗಾಲದಲ್ಲಿ ರೈತನೊಡನೆ ಆಯಗಾರನೂ ಹಸಿದ, ಅದನ್ನು ಮರೆಯಬಾರದು.

ಬೆಂಕಿಯ ವಿದ್ಯೆ

ಕಬ್ಬಿಣವೆಂದರೆ ಅಂಗಡಿಯಲ್ಲಿ ಸಿಗುವ ಸಲಾಕೆಯೆಂದು ಬಗೆಯುವ ಕಾಲದಲ್ಲಿ ನಾವಿದ್ದೇವೆ. ಹಿಂದೆ ಹಾಗಿರಲಿಲ್ಲ. ಕರ್ನಾಟಕದ ಅನೇಕ ಕಡೆ ಅದಿರನ್ನು ಆಯ್ದು ತಂದು, ಮಣ್ಣಿನ ಒಲೆ ಕಟ್ಟಿ, ಇದ್ದಿಲನ್ನೂ ಅದಿರನ್ನೂ ಪದರು ಪದರಾಗಿ ತುಂಬಿ, ತೊಗಲಿನ ತಿದಿಯಿಂದ ಎಡೆಬಿಡದೆ ಗಾಳಿಯೂದಿ ಕಬ್ಬಿಣವನ್ನು ಇಳಿಸುತ್ತಿದ್ದರು. ಆ ಒಲೆಯಲ್ಲಿ ಕಬ್ಬಿಣ ನೀರಾಗಿ ಹರಿಯುತ್ತಿರಲಿಲ್ಲ. ಕಿಟ್ಟ ಬೆರೆತ ಮೆತ್ತನೆಯ ಮುದ್ದೆಯಾಗಿ ತಳದಲ್ಲಿ ಕೂಡುತ್ತಿತ್ತು. ಅದನ್ನು ಇಕ್ಕಳದಿಂದ ಎಳೆದು, ಕಾಸಿ ಬಡಿದು, ಬಡಿದು ಕಾಸಿ, ಕಿಟ್ಟವನ್ನು ಹೊರಡಿಸಿದ ಮೇಲೆ ಅದು ಕುಳವಾಗಲು, ಕೊಡಲಿಯಾಗಲು, ಕತ್ತಿಯಾಗಲು ಯೋಗ್ಯವಾಗುತ್ತಿತ್ತು. 1800ರಲ್ಲಿ ಮೈಸೂರು ಸೀಮೆಯನ್ನು ಸುತ್ತಲು ಹೊರಟ ಫ್ರಾನ್ಸಿಸ್ ಬುಕಾನನ್ ಇಂಥ ಒಲೆಗಳನ್ನು ಕಣ್ಣಾರೆ ಕಂಡು ಅವುಗಳ ಕೆಲಸವನ್ನು ಬರೆದಿಟ್ಟಿದ್ದಾನೆ.

ಹತ್ತೊಂಬತ್ತನೆಯ ಶತಮಾನದಲ್ಲಿ ಈ ಒಲೆಗಳು ಒಂದೊಂದಾಗಿ ಆರಿದವು. ಇದ್ದಿಲಿಗೆ ಕಾಡು ಬೇಕು. ಕಾಡಿನ ಮೇಲೆ ಸರಕಾರದ ಹಿಡಿತ ಬಿಗಿಯಾಯಿತು. ಅದೇ ಹೊತ್ತಿಗೆ ಹಡಗು ತುಂಬಿ ಬ್ರಿಟನ್ನಿನ ಕಬ್ಬಿಣ ಬಂದಿಳಿಯಿತು. ಆ ಕಬ್ಬಿಣದ ದೊಡ್ಡ ಪಾಲು ದಕ್ಷಿಣ ವೇಲ್ಸಿನ ಕಣಿವೆಗಳಲ್ಲಿ ಹುಟ್ಟುತ್ತಿತ್ತು. 1759ರಲ್ಲಿ ಆರಂಭವಾದ ಡೌಲೈಸ್, 1789ರಲ್ಲಿ ಆರಂಭವಾದ ಬ್ಲೈನಾವನ್ ಕಾರ್ಖಾನೆಗಳು ಕಲ್ಲಿದ್ದಲಿನ ಬಲದಿಂದ ಹಗಲಿರುಳು ಉರಿಯುತ್ತಿದ್ದವು; ಡೌಲೈಸಿನ ಹಳಿಗಳ ಮೇಲೆ ಎಷ್ಟೋ ದೇಶಗಳ ರೈಲು ಓಡಿತು. ಒಂದು ಕಣಿವೆಯ ಬೆಂಕಿ ಏರಿದಂತೆ ಇನ್ನೊಂದು ನಾಡಿನ ಬೆಂಕಿ ಇಳಿಯಿತು. ಸಿರಸಂಗಿ ಸೀಮೆಯ ಕಂಬಾರ ಕಸುಬು ಬಿಡಲಿಲ್ಲ. ಅದಿರನ್ನು ಬಿಟ್ಟು ಸೀಮೆಯ ಸಲಾಕೆಯನ್ನು ಹಿಡಿದ. ಅಡಿಗಲ್ಲು ಅದೇ, ಸುತ್ತಿಗೆ ಅದೇ, ಕೈ ಅದೇ. ಕಬ್ಬಿಣ ಮಾತ್ರ ಬೇರೆಯವರದಾಯಿತು.

ಆ ಕೈಯ ಅತಿ ಸೊಗಸಾದ ಕೆಲಸವೆಂದರೆ ಬಂಡಿಗಾಲಿಗೆ ಹಳಿ ಹಾಕುವುದು. ಬಡಿಗೇರ ಗುಂಬ ಕೊರೆದು, ಅರೆ ಕೂಡಿಸಿ ಗಾಲಿ ಕಟ್ಟಿಕೊಟ್ಟ ಮೇಲೆ ಕಂಬಾರ ಗಾಲಿಯ ಸುತ್ತಳತೆಗಿಂತ ತುಸು ಕಿರಿದಾಗಿ ಕಬ್ಬಿಣದ ಬಳೆ ಬೆಸೆಯುತ್ತಿದ್ದ. ಕುಳ್ಳಿನ ಬೆಂಕಿಯಲ್ಲಿ ಕಾದ ಬಳೆ ಹಿಗ್ಗುತ್ತದೆ; ಹಿಗ್ಗಿದ ಗಳಿಗೆಯಲ್ಲೇ ನಾಲ್ವರು ಇಕ್ಕಳದಿಂದೆತ್ತಿ ಗಾಲಿಗೆ ತೊಡಿಸಬೇಕು, ಮರ ಹೊತ್ತಿಕೊಳ್ಳುವ ಮೊದಲೇ ನೀರು ಸುರಿಯಬೇಕು. ತಣಿದ ಹಳಿ ಕುಗ್ಗಿ ಅರೆಗಳನ್ನೆಲ್ಲ ಗುಂಬಕ್ಕೆ ಒತ್ತಿ ಹಿಡಿಯುತ್ತದೆ. ಎಷ್ಟು ಕಿರಿದು ಮಾಡಬೇಕೆಂಬ ಅಳತೆ ಯಾವ ಪುಸ್ತಕದಲ್ಲೂ ಇರಲಿಲ್ಲ, ತಂದೆಯಿಂದ ಮಗನ ಕಣ್ಣಿಗೆ ಇಳಿದು ಬರುತ್ತಿತ್ತು. ತಪ್ಪಿದರೆ ಎರೆಯ ಕೆಸರಿನಲ್ಲಿ ಗಾಲಿ ಬಿಚ್ಚಿಕೊಳ್ಳುತ್ತಿತ್ತು. ಸವದತ್ತಿಯ ಎಲ್ಲಮ್ಮನ ಗುಡ್ಡಕ್ಕೆ ಹುಣ್ಣಿಮೆ ಹುಣ್ಣಿಮೆಗೆ ಸಾಲುಗಟ್ಟಿ ಬಂದ ಕೊಲ್ಲಾರಿ ಬಂಡಿಗಳೆಲ್ಲ ಈ ವಿದ್ಯೆಯ ಮೇಲೆ ಉರುಳಿದವು.

ಕಲ್ಲಿನ ಊರು, ಕೋಟೆಯ ಊರು

ಸಿರಸಂಗಿಯಿಂದ ದಾರಿ ಹೂಲಿಗೆ ಸಾಗುತ್ತದೆ. ಗುಡ್ಡದ ಮಗ್ಗುಲಲ್ಲಿ ಗುಡಿಗಳನ್ನೇ ಬಿತ್ತಿ ಬೆಳೆದಂತಿರುವ ಊರದು. ಪಂಚಲಿಂಗೇಶ್ವರ ಗುಡಿಯ ಕಂಬಗಳ ಮುಂದೆ ನಿಂತರೆ ಪಾಂಚಾಳರ ನಾಲ್ಕನೆಯ ಕಸುಬು ಕಣ್ಣಿಗೆ ಕಟ್ಟುತ್ತದೆ. ಕಲ್ಲನ್ನು ಸವರಿ ಕನ್ನಡಿಯಂತಾಗಿಸಿದ ಚಾಣಕ್ಕೆ ಮೊನೆ ಹಾಕಿಕೊಟ್ಟವನು ಕಂಬಾರನೇ. ಕಲ್ಯಾಣದ ಚಾಲುಕ್ಯರ ಕಾಲದ ಶಿಲ್ಪವನ್ನು ಹೊಗಳುವಾಗ ಅದರ ಹಿಂದೆ ಗುಡಿಯ ಹೊರಗೆ ಉರಿದ ಕುಲುಮೆಯನ್ನೂ ನೆನೆಯಬೇಕು. ದಿನವೂ ಮೊಂಡಾದ ಚಾಣಗಳು ದಿನವೂ ಅಲ್ಲಿ ಹದಗೊಳ್ಳದಿದ್ದರೆ ಒಂದು ಕಂಬವೂ ಏಳುತ್ತಿರಲಿಲ್ಲ.

ಹೂಲಿಯಿಂದ ಸವದತ್ತಿ. ಅಂದಿನ ಸುಗಂಧವರ್ತಿ. ಒಂಬತ್ತನೆಯ ಶತಮಾನದಲ್ಲಿ ಪೃಥ್ವೀರಾಮನಿಂದ ತಲೆಯೆತ್ತಿದ ರಟ್ಟರು ಇಲ್ಲಿಂದ ಆಳಿ, ಮುಂದೆ ವೇಣುಗ್ರಾಮ ಎಂದರೆ ಬೆಳಗಾವಿಗೆ ರಾಜಧಾನಿಯನ್ನು ಒಯ್ದರು. ಊರ ನೆತ್ತಿಯ ಮೇಲೆ ಈಗ ಕಾಣುವ ಕೋಟೆ ರಟ್ಟರದಲ್ಲ; ಹದಿನೆಂಟನೆಯ ಶತಮಾನದಲ್ಲಿ ಸಿರಸಂಗಿಯ ಜಾಯಪ್ಪ ದೇಸಾಯಿ ಕಟ್ಟಿಸಿದ್ದು. ದೇಸಾಯಿಯೆಂದರೆ ಕಂದಾಯವನ್ನು ಕೂಡಿಸಿ ದೊರೆತನಕ್ಕೆ ಮುಟ್ಟಿಸುವವನು, ಅದಕ್ಕಾಗಿ ವತನವನ್ನು ಉಣ್ಣುವವನು. ರೈತ ದುಡಿದ ರಾಶಿಯ ಒಂದು ಪಾಲು ಕಲ್ಲಾಗಿ, ಬುರುಜಾಗಿ ಇಲ್ಲಿ ನಿಂತಿದೆ. ಅದೇ ವತನದ ಸಂಪತ್ತು ನೂರಕ್ಕೂ ಹೆಚ್ಚು ವರ್ಷ ಕಳೆದ ಮೇಲೆ ಏನಾಗಿ ಮಾರ್ಪಟ್ಟಿತೆಂಬುದೇ ಈ ಕಥನದ ತಿರುಳು. ಅದಕ್ಕೆ ಮುಂದೆ ಬರೋಣ.

ನವಿಲು ಕರೆದ ನೀರು

ಕಣಕುಂಬಿಯ ಕಾಡಿನಲ್ಲಿ ಹುಟ್ಟಿ ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಸೇರುವ ಮಲಪ್ರಭೆ ಸವದತ್ತಿಯ ಬಳಿ ಬೆಟ್ಟಸಾಲಿಗೆ ಎದುರಾಗುತ್ತಾಳೆ. ದಾರಿಗಾಣದೆ ನಿಂತ ಹೊಳೆಯನ್ನು ನವಿಲು ಕೂಗಿ ಕರೆಯಿತು, ಬೆಟ್ಟ ಸೀಳಿ ದಾರಿ ಬಿಟ್ಟಿತು ಎಂಬುದು ನವಿಲುತೀರ್ಥದ ಕಥೆ. ಎರಡು ಬಂಡೆಗೋಡೆಗಳ ನಡುವೆ ಹೊಳೆ ತಾನೇ ಕೊರೆದುಕೊಂಡ ಆ ಇಕ್ಕಟ್ಟು ಅಣೆಕಟ್ಟಿಗೆ ಹೇಳಿ ಮಾಡಿಸಿದ ಜಾಗವಾಯಿತು. 1970ರ ದಶಕದ ಆರಂಭದಲ್ಲಿ ನೀರು ನಿಂತು ರೇಣುಕಾಸಾಗರವಾಯಿತು. ಅದರ ಹೊಟ್ಟೆಯಲ್ಲಿ 37 ಟಿಎಂಸಿ ಅಡಿಗೂ ಹೆಚ್ಚು ನೀರು ಹಿಡಿಯುತ್ತದೆ.

ಸವದತ್ತಿ, ನರಗುಂದ, ನವಲಗುಂದಗಳ ಎರೆಹೊಲಕ್ಕೆ ಕಾಲುವೆ ಬಂತು. ಹೊಲಮನೆ ಕಳೆದುಕೊಂಡ ಊರುಗಳ ಕಣ್ಣೀರೂ ಆ ನೀರಿನಲ್ಲಿ ಬೆರೆತಿದೆ. ನೀರಾವರಿಯ ಕರಭಾರಕ್ಕೆ ಎದುರಾಗಿ ನರಗುಂದ, ನವಲಗುಂದಗಳ ರೈತರು ಎದ್ದು ನಿಂತಾಗ, 1980ರ ಜುಲೈ 21ರಂದು, ಪೋಲೀಸರ ಗುಂಡಿಗೆ ರೈತರು ಬಲಿಯಾದರು. ಕನ್ನಡ ನಾಡಿನ ರೈತ ಚಳವಳಿ ಅಲ್ಲಿಂದ ಹೊಸ ಕಸುವು ಪಡೆಯಿತು. ಮಳೆಗಾಲ ಮುಗಿದ ಹೊತ್ತಿನಲ್ಲಿ ಇಲ್ಲಿ ನಿಂತರೆ ಕೆಂಪು ಬಂಡೆ, ಹಸುರು ಗುಡ್ಡ, ದಿಗಂತದವರೆಗೆ ಹರಡಿದ ನೀರು, ಚೆಲುವಿಗೆ ಕೊರತೆಯಿಲ್ಲ. ಚೆಲುವನ್ನು ನೋಡುವವರು ಅದರ ಬೆಲೆ ತೆತ್ತವರನ್ನೂ ನೆನೆಯಬೇಕು.

ಅರಳೆಯ ಹಾದಿ

ಮುನವಳ್ಳಿ ದಾಟಿ ಯರಗಟ್ಟಿಯ ಕಡೆಗೆ ತಿರುಗಿದರೆ ಎರಡೂ ಮಗ್ಗುಲಲ್ಲಿ ಕರಿ ಎರೆ. ಈ ಮಣ್ಣಿನ ಬೆಳ್ಳಿ ಹತ್ತಿ. ಶ್ರಾವಣ ಭಾದ್ರಪದದಲ್ಲಿ ಬಿತ್ತಿ, ಬೇಸಿಗೆಯ ಬಾಗಿಲಲ್ಲಿ ಬಿಡಿಸುವ ನಾಡಹತ್ತಿಗೆ ದೊಡ್ಡ ಪೇಟೆಗಳಲ್ಲಿ ಕುಮಟಾ ಎಂದೇ ಹೆಸರು. ಬಂಡಿಗಳ ಮೇಲೆ ಘಟ್ಟ ಇಳಿದು ಕುಮಟಾ ಬಂದರದಲ್ಲಿ ಹಡಗೇರುತ್ತಿದ್ದುದರಿಂದ ಬೆಳೆದ ಊರಿನ ಬದಲು ಹೊರಟ ಊರು ಅದಕ್ಕೆ ಹೆಸರು ಕೊಟ್ಟಿತು. 1840ರ ದಶಕದಿಂದ ಅಮೆರಿಕದ ಬೀಜದ ಹತ್ತಿಯೂ ಈ ಸೀಮೆಯಲ್ಲಿ ನೆಲೆಯೂರಿತು, ಧಾರವಾಡ-ಅಮೆರಿಕನ್ ಎನಿಸಿಕೊಂಡಿತು.

ಬೀಜ ಬಿಡಿಸುವುದು ಹೆಣ್ಣುಮಕ್ಕಳ ಕಾಯಕವಾಗಿತ್ತು. ಚಪ್ಪಟೆ ಕಲ್ಲಿನ ಮೇಲೆ ಅರಳೆ ಹರಡಿ, ಕಬ್ಬಿಣದ ಸಲಾಕೆಯನ್ನು ಅಂಗಾಲಿನಿಂದ ಉರುಳಿಸುತ್ತ ಬೀಜವನ್ನು ಹಿಂದಕ್ಕೆ ನೂಕಿ ಅರಳೆಯನ್ನು ಮುಂದಕ್ಕೆ ತೆಗೆಯುತ್ತಿದ್ದರು. ಆ ಸಲಾಕೆಯೂ ಕಂಬಾರನ ಕೈಯದೇ. ಆದರೆ ಅಮೆರಿಕದ ತಳಿಯ ಬೀಜ ಕಾಲಿನ ಸಲಾಕೆಗೆ ಜಗ್ಗಲಿಲ್ಲ. ಗರಗಸದ ಹಲ್ಲಿನ ಯಂತ್ರ ಬೇಕಾಯಿತು. ಅಂಥ ಯಂತ್ರಗಳನ್ನು ಕಟ್ಟಲು, ರಿಪೇರಿ ಮಾಡಲು ಸರಕಾರ ಧಾರವಾಡದಲ್ಲಿ ಕಾರ್ಖಾನೆ ತೆರೆಯಿತು. ಗಾಲಿಯ ಹಳಿ ಬೆಸೆಯುತ್ತಿದ್ದ ಕೈಗಳ ನಾಡಿಗೆ ಯಂತ್ರಯುಗ ಹೀಗೆ ಹತ್ತಿಯ ಬೆನ್ನೇರಿ ಬಂತು.

1861ರಲ್ಲಿ ಅಮೆರಿಕದ ಅಂತರ್ಯುದ್ಧ ಹೊತ್ತಿಕೊಂಡಿತು. ಲ್ಯಾಂಕಶೈರಿನ ಗಿರಣಿಗಳಿಗೆ ಅಲ್ಲಿಯ ಹತ್ತಿ ನಿಂತಿತು; ಎರೆಸೀಮೆಯ ಅರಳೆಗೆ ಹಿಂದೆಂದೂ ಕಾಣದ ಬೆಲೆ ಬಂತು. 1865ರಲ್ಲಿ ಯುದ್ಧ ಮುಗಿಯಿತು, ಬೆಲೆ ಕುಸಿಯಿತು. ಮುಂದೆ 1876ರಿಂದ 78ರ ಮಹಾಕ್ಷಾಮ ಬೆಳಗಾವಿ, ಧಾರವಾಡ, ಕಲಾದಗಿ ಜಿಲ್ಲೆಗಳನ್ನು ಬಗ್ಗು ಬಡಿಯಿತು. ದೂರದ ಯುದ್ಧವೊಂದು ಮನೆಗೆ ರೊಕ್ಕ ತರಬಲ್ಲದು, ದೂರದ ಶಾಂತಿಯೊಂದು ಅದನ್ನು ಒಯ್ಯಬಲ್ಲದು ಎಂಬುದನ್ನು ಈ ಸೀಮೆಯ ರೈತ ಹದಿನೈದೇ ವರ್ಷದಲ್ಲಿ ಕಲಿತ. ಹತ್ತಿ ಬೆಳೆದಲ್ಲೇ ನೂಲಾಗಬೇಕೆಂಬ ಮಾತಿಗೆ ತೂಕ ಬಂದದ್ದು ಆಗ.

ಘಟಪ್ರಭೆಯ ಗಿರಣಿ

ಇಳಿಹೊತ್ತಿಗೆ ಗೋಕಾಕ. ಊರು ಒಂದು ಕಾಲಕ್ಕೆ ನೇಕಾರರಿಗೂ ಬಣ್ಣಗಾರರಿಗೂ ಹೆಸರಾಗಿತ್ತು. ಹಗುರ ಮರದ ಗೊಂಬೆ, ಬಣ್ಣದ ಹಣ್ಣುಕಾಯಿ ಮಾಡುವ ಕೈಗಳು ಇಂದಿಗೂ ಇವೆ. ಊರಾಚೆ ಘಟಪ್ರಭೆ 52 ಮೀಟರು ಆಳಕ್ಕೆ ಧುಮ್ಮಿಕ್ಕುತ್ತಾಳೆ. ಮಳೆಗಾಲದಲ್ಲಿ ಕೆಂಪು ನೀರು ಕುದುರೆಲಾಳದ ಆಕಾರದ ಅಂಚಿನಿಂದ ಬೀಳುವಾಗ ನೆಲ ನಡುಗುತ್ತದೆ. ದಂಡೆಯ ಮೇಲೆ ಚಾಲುಕ್ಯಶೈಲಿಯ ಮಹಾಲಿಂಗೇಶ್ವರ ಗುಡಿ, ಮೇಲೆ ಸುಮಾರು 200 ಮೀಟರು ಉದ್ದದ ತೂಗುಸೇತುವೆ, ಮಗ್ಗುಲಿಗೆ ಗಿರಣಿ. ಸಾವಿರ ವರ್ಷದ ಕೆಲಸಗಾರಿಕೆ ಒಂದೇ ನೋಟಕ್ಕೆ ದಕ್ಕುವ ಇಂಥ ಜಾಗ ಕರ್ನಾಟಕದಲ್ಲಿ ವಿರಳ.

1885ರಲ್ಲಿ ಸ್ಥಾಪನೆಯಾದ ಕಂಪನಿಯ ಗಿರಣಿ 1887ರಲ್ಲಿ ತಿರುಗತೊಡಗಿತು. ಮುಂಬಯಿಯ ಗಿರಣಿಗಳು ಹಬೆಯಿಂದ ಓಡುತ್ತಿದ್ದವು. ಕಲ್ಲಿದ್ದಲು ದೂರವಾಗಿದ್ದ ಗೋಕಾಕಕ್ಕೆ ಹೊಳೆಯೇ ಇದ್ದಿಲಾಯಿತು. ಮೇಲಿನ ನೀರನ್ನು ಕೊಳವೆಗಳಲ್ಲಿ ಕಮರಿಯ ತಳಕ್ಕೆ ಇಳಿಸಿ, ಅಲ್ಲಿ ಟರ್ಬೈನು ತಿರುಗಿಸಿ, ಆ ಬಲದಿಂದ ಕದಿರು ಓಡಿಸಿದರು. ಜಲವಿದ್ಯುತ್ತು ಹುಟ್ಟಿಸಿದ ನಮ್ಮ ದೇಶದ ಮೊದಮೊದಲ ತಾಣಗಳಲ್ಲಿ ಗೋಕಾಕದ ಹೆಸರು ನಿಲ್ಲುತ್ತದೆ. ಶಿವನಸಮುದ್ರದಿಂದ ಕೋಲಾರದ ಗಣಿಗೆ ವಿದ್ಯುತ್ತು ಹರಿದದ್ದು 1902ರಲ್ಲಿ. ಅದಕ್ಕೂ ಮೊದಲೇ ಕನ್ನಡದ ಹೊಳೆಯೊಂದು ಇಲ್ಲಿ ಗಿರಣಿಯನ್ನು ಹೊತ್ತು ನಡೆಸಿತ್ತು.

ಗಿರಣಿ ಹೊಸ ಬಗೆಯ ಮನುಷ್ಯನನ್ನು ಹುಟ್ಟಿಸಿತು. ಹೊತ್ತು ನೋಡಿ ಹೊಲಕ್ಕೆ ಹೋಗುತ್ತಿದ್ದವನು ಭೋಂಗಾ ಕೇಳಿ ಪಾಳಿಗೆ ಹೋದ. ಸುಗ್ಗಿಯಲ್ಲಿ ಆಯ ಪಡೆಯುತ್ತಿದ್ದವನ ಮಗ ತಿಂಗಳಿಗೊಮ್ಮೆ ಪಗಾರ ಎಣಿಸಿದ. ಅರಳೆಯ ದೂಳು ಎದೆಗಿಳಿಯಿತು, ಯಂತ್ರದ ಸದ್ದು ಕಿವಿ ಕೆಡಿಸಿತು. ಆದರೂ ಜಾತಿಯ ಕಸುಬಿಗೆ ಹೊರತಾದ ಒಂದು ಕೆಲಸ, ಬೇರೆ ಬೇರೆ ಊರಿನವರು ಹೆಗಲೆಣೆಯಾಗಿ ನಿಲ್ಲುವ ಒಂದು ಸಾಲು ಅಲ್ಲಿ ಸಿಕ್ಕಿತು.

ವಾಡೆಯ ಉಯಿಲು

ಘಟಪ್ರಭೆಯ ದಂಡೆಯಲ್ಲಿ ಕದಿರು ತಿರುಗುತ್ತಿದ್ದ ಅದೇ ಕಾಲದಲ್ಲಿ ಸಿರಸಂಗಿಯ ವಾಡೆಯಲ್ಲಿ ಇನ್ನೊಂದು ಕೆಲಸ ನಡೆದಿತ್ತು. 1861ರಲ್ಲಿ ಶಿಗ್ಲಿಯಲ್ಲಿ ಹುಟ್ಟಿ, ಬಾಲ್ಯದಲ್ಲೇ ಸಿರಸಂಗಿಗೆ ದತ್ತು ಬಂದ ಲಿಂಗರಾಜ ದೇಸಾಯಿ ಆಗ ದೇಸಗತಿಯ ಯಜಮಾನ.

ದತ್ತು ಎಂಬ ಮಾತಿಗೆ ಈ ಸೀಮೆಯಲ್ಲಿ ರಕ್ತದ ನೆನಪಿದೆ. 1824ರಲ್ಲಿ ಕಿತ್ತೂರಿನ ದೊರೆ ದತ್ತು ತೆಗೆದುಕೊಂಡು ತೀರಿಕೊಂಡಾಗ ಕುಂಪಣಿ ಸರಕಾರ ಅದನ್ನು ಒಪ್ಪಲಿಲ್ಲ. ಅಕ್ಟೋಬರ್ 23ರಂದು ಕೋಟೆಯ ಮುಂದೆ ಕಲೆಕ್ಟರ್ ಥ್ಯಾಕರೆ ಬಿದ್ದ. ಡಿಸೆಂಬರಿನಲ್ಲಿ ಕೋಟೆ ಬಿತ್ತು. ರಾಣಿ ಚೆನ್ನಮ್ಮ ಬೈಲಹೊಂಗಲದ ಸೆರೆಯಲ್ಲಿ 1829ರಲ್ಲಿ ಕೊನೆಯುಸಿರೆಳೆದಳು, 1831ರಲ್ಲಿ ಸಂಗೊಳ್ಳಿ ರಾಯಣ್ಣ ನಂದಗಡದಲ್ಲಿ ನೇಣಿಗೇರಿದ. ಒಂದು ದತ್ತು ನಿರಾಕರಣೆಯಿಂದ ಒಂದು ಸಂಸ್ಥಾನ ಮುಳುಗಿತು. ಸಿರಸಂಗಿಯ ದತ್ತುಪುತ್ರ ತನಗೆ ದಕ್ಕಿದ ಸಂಸ್ಥಾನವನ್ನು ತಾನೇ ಜನಕ್ಕೆ ಒಪ್ಪಿಸಿದ.

ಹಾನಗಲ್ಲ ಕುಮಾರಸ್ವಾಮಿಗಳ ಪ್ರೇರಣೆಯಿಂದ 1904ರಲ್ಲಿ ಧಾರವಾಡದಲ್ಲಿ ಕೂಡಿದ ವೀರಶೈವ ಮಹಾಸಭೆಯ ಮೊದಲ ಅಧಿವೇಶನಕ್ಕೆ ಲಿಂಗರಾಜರೇ ಅಧ್ಯಕ್ಷರು. ಎರಡು ವರ್ಷದ ಮೇಲೆ, 1906ರಲ್ಲಿ, ಅವರು ತೀರಿಕೊಂಡಾಗ ಅವರ ಉಯಿಲು ಹೊರಬಂತು. ನವಲಗುಂದ-ಸಿರಸಂಗಿ ದೇಸಗತಿಯ ಆಸ್ತಿಯನ್ನು ಅವರು ವಂಶಕ್ಕೆ ಬರೆದಿರಲಿಲ್ಲ, ಓದುವ ಮಕ್ಕಳಿಗೆ ಬರೆದಿದ್ದರು. ಆ ಟ್ರಸ್ಟಿನ ನೆರವಿನಿಂದ ಬಡ ಲಿಂಗಾಯತ ಮನೆಗಳ ಹುಡುಗರು ಕಾಲೇಜಿನ ಮೆಟ್ಟಿಲೇರಿದರು. 1916ರಲ್ಲಿ ಏಳು ಜನ ಶಿಕ್ಷಕರು ಬೆಳಗಾವಿಯಲ್ಲಿ ಶಾಲೆ ತೆರೆದು ಕರ್ನಾಟಕ ಲಿಂಗಾಯತ ಶಿಕ್ಷಣ ಸಂಸ್ಥೆಯನ್ನು ಹುಟ್ಟುಹಾಕಿದರು. 1933ರಲ್ಲಿ ಆ ಸಂಸ್ಥೆಯ ಕಾಲೇಜು ಲಿಂಗರಾಜರ ಹೆಸರಿನಲ್ಲಿ ತೆರೆಯಿತು. 1947ರಲ್ಲಿ ಹುಬ್ಬಳ್ಳಿಯಲ್ಲಿ ಅದೇ ಸಂಸ್ಥೆ ಎಂಜಿನಿಯರಿಂಗ್ ಕಾಲೇಜು ಕಟ್ಟಿತು. ಬೆಂಕಿಯ ವಿದ್ಯೆ, ಗಾಲಿಯ ವಿದ್ಯೆ, ನೀರಿನ ವಿದ್ಯೆ ತಂದೆಯಿಂದ ಮಗನಿಗೆ ಮಾತ್ರ ಇಳಿಯುತ್ತಿದ್ದ ನಾಡಿನಲ್ಲಿ ಅವು ಪಾಠವಾಗಿ, ಬಯಸಿ ಬಂದ ಬೇರೆಯವರ ಮಕ್ಕಳಿಗೂ ತೆರೆದುಕೊಂಡವು. ಜಾಯಪ್ಪ ದೇಸಾಯಿಯ ಕಾಲದಲ್ಲಿ ಬುರುಜಾದ ಕಂದಾಯ ಲಿಂಗರಾಜರ ಕಾಲದಲ್ಲಿ ಪುಸ್ತಕವಾಯಿತು. ನಾಡು ಅವರನ್ನು ತ್ಯಾಗವೀರನೆಂದು ಕರೆದದ್ದು ತಕ್ಕ ಮಾತು.

ಎಷ್ಟೋ ತಲೆಮಾರುಗಳ ರೈತರು, ಆಯಗಾರರು ದುಡಿದು ಕೂಡಿಟ್ಟ ಸಂಪತ್ತು ಅದು. ಆದ್ದರಿಂದ ಲಿಂಗರಾಜರ ದಾನವನ್ನು ಕೊಡುಗೆಯೆಂದು ಮಾತ್ರ ಕಾಣದೆ ದುಡಿದವರಿಗೆ ಮರಳಿ ಸಂದ ಆಯವೆಂದೂ ಕಾಣಬೇಕು.

ನಮ್ಮ ಒಲೆಗಳು ಆರಲು ಕಾರಣವಾದ ವೇಲ್ಸಿನ ಕಣಿವೆಗಳಲ್ಲಿಯೂ ಬೆಂಕಿ ಆರಿತು. ಬ್ಲೈನಾವನ್ನಿನ ಜನ ಆರಿದ ಕುಲುಮೆಯನ್ನು ಕೆಡವಲಿಲ್ಲ. 2000ದಲ್ಲಿ ಬ್ಲೈನಾವನ್ ಸೀಮೆ ಯುನೆಸ್ಕೋದ ವಿಶ್ವಪರಂಪರೆಯ ಪಟ್ಟಿ ಸೇರಿತು. 1980ರಲ್ಲಿ ಮುಚ್ಚಿದ ಬಿಗ್ ಪಿಟ್ ಎಂಬ ಕಲ್ಲಿದ್ದಲ ಗಣಿಗೆ, 90 ಮೀಟರು ಆಳಕ್ಕೆ, ನೋಡಬಂದವರನ್ನು ಕರೆದೊಯ್ಯುವವರು ಒಂದು ಕಾಲಕ್ಕೆ ಗಣಿಯಲ್ಲಿ ದುಡಿದವರೇ. ದುಡಿದವನೇ ಚರಿತ್ರೆ ಹೇಳುವವನಾದದ್ದು ಅಲ್ಲಿಯ ದೊಡ್ಡತನ.

ನಮಗೂ ಅದು ಸಾಧ್ಯ. ಸಿರಸಂಗಿಯ ಕುಲುಮೆಯ ಮುಂದೆ ಕಂಬಾರ, ಹೂಲಿಯ ಕಂಬದ ಮುಂದೆ ಕಲ್ಲುಕುಟಿಗ, ನವಿಲುತೀರ್ಥದಲ್ಲಿ ಹೊಲ ಬಿಟ್ಟುಕೊಟ್ಟ ರೈತ, ಗೋಕಾಕದಲ್ಲಿ ಪಾಳಿ ಮುಗಿಸಿದ ಗಿರಣಿಯ ಹಿರಿಯ ನಿಂತು ಶಾಲೆಯ ಮಕ್ಕಳಿಗೆ ತಮ್ಮ ವಿದ್ಯೆಯನ್ನು ಹೇಳಲಿ. ಹಳಿ ಹಾಕುವ ಇಕ್ಕಳಗಳು, ಕಾಲಿನ ಸಲಾಕೆಗಳು, ಹಳೆಯ ಟರ್ಬೈನುಗಳು ಗುಜರಿಗೆ ಸಲ್ಲುವ ಮುನ್ನ ಅವನ್ನು ಹೆಸರಿಟ್ಟು, ಕಾಲ ಬರೆದು, ಕಾಪಾಡುವ ಕೆಲಸವನ್ನು ಈ ಸೀಮೆಯ ಕಾಲೇಜುಗಳು ಕೈಗೆತ್ತಿಕೊಳ್ಳಲಿ. ದುಡಿದವರ ಸಂಪತ್ತಿನಿಂದ ಕಲಿತವರು ದುಡಿದವರ ಚರಿತ್ರೆಯನ್ನು ಬರೆಯಬೇಕು. ಆ ಋಣ ಇನ್ನೂ ತೀರಿಲ್ಲ.